ಕೊನೇ ಸಾಲು ನನ್ನ ಕೈಯಲ್ಲೇ

ಅಪ್ಪನಿಗೆ ನಮಸ್ಕಾರ,

ನಾನು ಕಳಿಸಿದ ಕಾಗದ ಕೆಂಪು ಪೆನ್ಸಿಲ್ ಗೀಟು ಹಾಕಿಸಿಕೊಂಡು ವಾಪಸ್ ಬಂತು. 'ಶೈಲಿ ನನ್ನ ಮಗನದಲ್ಲ. ಅವನು ಇಷ್ಟು ವಿನಯವಾಗಿ ಮಾತಾಡಿದ್ದೇ ಇಲ್ಲ. ಬರೆದವರು ಬೇರೆ' ಅಂತ ಅಂಚಲ್ಲಿ ಬರೆದಿದ್ದೀರಿ. ನಲವತ್ತು ವರ್ಷ ಬೈಬಲ್ ಪಾಠ ಹೇಳಿದ ಮೇಷ್ಟ್ರ ಕಣ್ಣಿಗೆ ಮಣ್ಣೆರಚೋಕೆ ಆಗುತ್ತಾ? ಒಪ್ಕೋತೀನಿ. ನಾನು ಫೋನಲ್ಲಿ ಮಾತಾಡಿ ರೆಕಾರ್ಡ್ ಮಾಡಿದ್ದೆ, ನಿಮ್ಮ ಮೊಮ್ಮಗಳು ಟೈಪ್ ಮಾಡುವಾಗ ಪಾಲಿಶ್ ಹೊಡೆದಿದ್ದಾಳೆ. ಈ ಸಲ ಒಂದಕ್ಷರ ತಿದ್ದಕೂಡದು ಅಂದಿದ್ದೀನಿ. 'ಹಾಗಾದ್ರೆ ಉಸಿರು ತಗೊಂಡು ಮಾತಾಡಪ್ಪ' ಅಂತಾಳೆ.

ಆದಿಸಭೆಯ, ಆ ಮೊದಮೊದಲ ಕ್ರೈಸ್ತರ ಚರಿತ್ರೆ ಪುಸ್ತಕಗಳನ್ನೆಲ್ಲ ಶನಿವಾರ ಕಾಲೇಜಿಗೆ ಕೊಟ್ಟುಬಿಡ್ತೀರಂತೆ, ಅಕ್ಕ ಹೇಳಿದ್ಲು. ಕೊಡಬೇಡಿ. ಬೈಬಲಲ್ಲಿ ಅಪೊಸ್ತಲನ ಹೆಸರಲ್ಲಿರೋ ಪತ್ರಗಳೆಲ್ಲ ಅವನವೇ ಅಲ್ಲ ಅಂತ ಇಪ್ಪತ್ತನೇ ವಯಸ್ಸಲ್ಲಿ ವಾದ ಮಾಡಿ ಮನೆ ಬಿಟ್ಟು ಬಂದೆನಲ್ಲ, ಆ ಜಗಳದ ಪುಸ್ತಕಗಳು ಅವು. ಅವುಗಳಿಗೆ ಅಂತ ಕಿಟಕಿ ಪಕ್ಕ ಹಲಗೆ ಹೊಡೆಸಿ, ಮೂರು ದಿನದಿಂದ ಖಾಲಿ ಹಲಗೇನೇ ಒರೆಸ್ತಾ ಕೂತಿದ್ದೀನಿ.

ಕೈಯಲ್ಲೇ ಯಾಕೆ ಬರೀಲಿಲ್ಲ ಅಂತ ಕೇಳ್ತೀರಿ. ಅಪೊಸ್ತಲ ಬಾಯಲ್ಲಿ ಹೇಳ್ತಿದ್ದ, ಇನ್ನೊಬ್ಬ ಬರ್ಕೋತಿದ್ದ, ಇದು ನನ್ನದೇ ಅಂತ ಓದೋರಿಗೆ ಗೊತ್ತಾಗಲಿ ಅಂತ ಕೊನೇ ಸಾಲು ಮಾತ್ರ ತಾನೇ ಬರೀತಿದ್ದ ಅಂತ ನೀವೇ ಪಾಠ ಹೇಳಿದ್ರಿ. ನಾನೂ ಅಷ್ಟೇ ಮಾಡ್ತೀನಿ. ಆ ಒಂದು ಸಾಲಿಗೇ ಒಂದು ಗಂಟೆ ಬೇಕು. ಅಕ್ಷರ ದೊಡ್ಡದಾಯ್ತು, ಸೊಟ್ಟಗಾಯ್ತು ಅಂತ ದಯವಿಟ್ಟು ತಿದ್ದಬೇಡಿ. ಅದರಲ್ಲಿರೋದನ್ನ ಅಕ್ಕನಿಗೂ ಹೇಳಿಲ್ಲ.

ಇಂತಿ,
ವಿನಯವಿಲ್ಲದ ನಿಮ್ಮ ಮಗ

ಅಪ್ಪ, ಬಲಗೈಗೆ ಲಕ್ವ ಹೊಡೀತು. ಶುಕ್ರವಾರ ಮನೆಗೆ ಬರಲಾ?