ಅಜ್ಜಿಯ ಪಾಲಿನ ಮಾತು

ಮಾರ್ಚ್ 4, ಮಂಗಳವಾರ

ಎರಡು ಪ್ಯಾಂಟು ಗಿಡ್ಡ ಮಾಡಿದ್ದು, ಒಂದು ಜಿಪ್ಪು, ಒಂದು ಕೋಟಿನ ಲೈನಿಂಗು. ಮೊಣಕಾಲು ನೋವು ಮಾಮೂಲಿ.

ಮಧ್ಯಾಹ್ನ ಮಗಳು ಅಂಗಡಿಗೇ ಬಂದಳು. ನಾಟಕ ಕೊನೆಗೂ ಬರೆದು ಮುಗಿಸಿದ್ದಾಳೆ. ನಮ್ಮನೆ ಕಥೆಯೇ — ಹಡಗು ಹತ್ತಿ ಬಂದ ನಮ್ಮಪ್ಪ ಅಮ್ಮ, ಆಮೇಲೆ ನಾನು, ಆಮೇಲೆ ಅವಳು. ಒಂದು ತಮಿಳು ಮನೆ, ಮೂರು ತಲೆಮಾರು. ನಿರ್ದೇಶನವೂ ಅವಳದೇ, ಮೊಮ್ಮಗಳ ಪಾತ್ರವೂ ಅವಳದೇ.

"ಬಟ್ಟೆ ಎಲ್ಲಾ ನೀನೇ ಹೊಲೀಬೇಕಪ್ಪ."

"ಬಿಟ್ಟಿ ಟೈಲರ್ ಸಿಕ್ಕಿದ ಅನ್ನು."

ನಕ್ಕಳು. ಸ್ಕ್ರಿಪ್ಟು ಮೇಜಿನ ಮೇಲಿಟ್ಟು ಹೋದಳು. ಸಂಜೆ ಓದಬೇಕು.

ಮಾರ್ಚ್ 6

ಓದಿದೆ. ಹಡಗಿನ ಸೀನು ಚೆನ್ನಾಗಿದೆ. ಅಪ್ಪ ಲಾಂಡ್ರಿಯ ಹಬೆಯಲ್ಲಿ ನಿಂತು ಕೆಮ್ಮೋದು — ಕಣ್ಣಿಗೆ ಕಟ್ಟಿದ ಹಾಗಿದೆ. ನನ್ನನ್ನು ಇರೋದಕ್ಕಿಂತ ಒಳ್ಳೆಯವನನ್ನಾಗಿ ಮಾಡಿದ್ದಾಳೆ.

ಅಮ್ಮನಿಗೆ ಮಾತಿಲ್ಲ.

ಎರಡು ಸಲ ಹುಡುಕಿದೆ. ಎಂಬತ್ತು ಪುಟದಲ್ಲಿ ಒಂದೇ ಒಂದು ಡೈಲಾಗಿಲ್ಲ. 'ಅಜ್ಜಿ ಮುಖ ತಿರುಗಿಸುತ್ತಾಳೆ.' 'ಅಜ್ಜಿ ಎದ್ದು ಹೋಗುತ್ತಾಳೆ.' ಇಷ್ಟೇ. ಕೊನೆಗೆ ಅಜ್ಜಿ ಸತ್ತು ಮಲಗಿರುವಾಗ ಮೊಮ್ಮಗಳು ಕಾಲ ಬಳಿ ನಿಂತು ಹೇಳುತ್ತಾಳೆ — "ನನ್ನ ಕಂಡರೆ ನಿನಗೆ ಆಗ್ತಾನೇ ಇರಲಿಲ್ಲ, ಅಲ್ವಾ?"

ಮಾರ್ಚ್ 9, ಭಾನುವಾರ

ರಿಹರ್ಸಲ್ ಹಾಲಿಗೆ ಹೋಗಿ ಎಲ್ಲರ ಅಳತೆ ತೆಗೆದೆ. ಅಜ್ಜಿ ಪಾತ್ರದಾಕೆ ಪೋಸ್ಟಾಫೀಸಿನ ಕೌಂಟರಿನಲ್ಲಿ ಕೂರುವ ಹೆಂಗಸು. ತಮಿಳು ಒಂದಕ್ಷರ ಬಾರದು. ಪಾತ್ರಕ್ಕೆ ಮಾತೇ ಇಲ್ಲವಲ್ಲ, ನಡೆಯುತ್ತೆ ಅಂತ ಮಗಳು ಹಾಕಿಕೊಂಡಿದ್ದಾಳಂತೆ.

"ನಿಮ್ಮ ತಾಯಿ ಅಷ್ಟೊಂದು ಕಲ್ಲು ಮನಸ್ಸಿನವರಾ, ಸರ್?"

ಆಕೆ ಕೇಳಿದಾಗ ಬಾಯಿ ತುಂಬ ಗುಂಡುಪಿನ್ನು ಕಚ್ಚಿಕೊಂಡಿದ್ದೆ. ಬಚಾವಾದೆ.

ಮಾರ್ಚ್ 16

ಅಕ್ಕ ರಿಹರ್ಸಲ್ ನೋಡೋಕೆ ಬಂದಳು. ಎಪ್ಪತ್ತು ದಾಟಿದರೂ ಕಣ್ಣು ಕಿವಿ ಚುರುಕು. ಪೂರ್ತಿ ನೋಡಿದಳು. ಅತ್ತೆ ಅಂತ ಮಗಳು ಓಡಿ ಬಂದರೆ ಕೆನ್ನೆ ಸವರಿದಳು. ಬಸ್ ಸ್ಟಾಪಿಗೆ ಬಂದ ಮೇಲೆ ಶುರು ಮಾಡಿದಳು.

"ನಮ್ಮಮ್ಮ ಮೂಗಿ ಆಗಿದ್ದಳೇನೋ?"

"ಅದು ನಾಟಕ ಅಕ್ಕ."

"ನಾಟಕ ಆಡ್ತಿರೋನು ನೀನು. ಮಾಡಿದ್ದೆಲ್ಲ ನೀನು, ಈಗ ಸತ್ತವಳ ತಲೆ ಮೇಲೆ ಗೂಬೆ ಕೂರಿಸಿ ಕೈ ತೊಳ್ಕೊಳ್ತಿದ್ದೀಯ. ನೀನು ಹೇಳ್ತೀಯೋ, ನಾನೇ ಹೇಳಲೋ?"

"ನಾನೇ ಹೇಳ್ತೀನಿ."

ಬಸ್ಸು ಬಂತು.

ಮಾರ್ಚ್ 27

ಹೇಳಿಲ್ಲ. ಹನ್ನೊಂದು ದಿನ. ಲಂಗ, ಅಂಗಿ, ಅಪ್ಪನ ಕೋಟು ಎಲ್ಲ ಮುಗಿಯಿತು. ಅಮ್ಮನ ಸೀರೆಯ ಅಂಚು ಮಡಚಿ ಹೊಲಿಯೋದು ಮಾತ್ರ ಬಾಕಿ. ಅದಕ್ಕೆ ಕೈ ಹಾಕೋಕೆ ಆಗ್ತಿಲ್ಲ.

ಮೊದಲು ಇಲ್ಲಾದರೂ ಬರೆಯೋಣ.

ಮಗುವಿಗೆ ಆಗ ನಾಲ್ಕು ವರ್ಷ. ನಾನೂ ಹೆಂಡತಿಯೂ ಬೆಳಿಗ್ಗೆ ಕೆಲಸಕ್ಕೆ ಹೋದರೆ ಬರೋದು ಸಂಜೆ. ಮನೆಯಲ್ಲಿ ಅಮ್ಮ, ಮಗು, ಇಬ್ಬರೇ. ಅಮ್ಮನಿಗೆ ತಮಿಳು ಬಿಟ್ಟರೆ ಬೇರೆ ಗೊತ್ತಿಲ್ಲ. ಮಗುವಿಗೂ ಅಷ್ಟೇ. ಸ್ಕೂಲಿಗೆ ಸೇರಿಸಿದ ಎರಡನೇ ತಿಂಗಳು ಟೀಚರ್ ಕರೆಸಿದರು. "ನಿಮ್ಮ ಮಗಳು ಬಾಯೇ ಬಿಡಲ್ಲ. ಬಿಟ್ಟರೆ ಯಾರಿಗೂ ಅರ್ಥ ಆಗಲ್ಲ, ಮಕ್ಕಳು ನಗ್ತಾರೆ. ಮನೆಯಲ್ಲಿ ಇಲ್ಲಿನ ಭಾಷೆ ಆಡಿ." ಚಿಕ್ಕಂದಿನಲ್ಲಿ ನನ್ನನ್ನು ನೋಡಿ ನಕ್ಕಿದ್ದ ಮಕ್ಕಳೆಲ್ಲ ಕಣ್ಣ ಮುಂದೆ ಬಂದರು.

ಮನೆಗೆ ಬಂದವನು ಅಂಗಿ ಕೂಡ ಬಿಚ್ಚಲಿಲ್ಲ. ನಿಂತಲ್ಲೇ ಹೇಳಿದೆ — "ಇನ್ನು ಮೇಲೆ ಮಗು ಹತ್ತಿರ ನಿನ್ನ ಮಾತು ಬೇಡಮ್ಮ. ಅದರ ಭವಿಷ್ಯ ಹಾಳಾಗುತ್ತೆ."

ಅಮ್ಮ ಎದುರಾಡಲಿಲ್ಲ. ಮರುದಿನದಿಂದ ಮಗು ಸೆರಗು ಹಿಡಿದು ಎಳೆದರೆ ಮುಖ ಆ ಕಡೆ ಮಾಡೋಳು. ಎಲ್ಲಿ ಬಾಯಿ ತಪ್ಪಿ ಒಂದು ಮಾತು ಬಂದುಬಿಡುತ್ತೋ ಅಂತ. ಮೊದಮೊದಲು ಮಗು ಅತ್ತು ರಂಪ ಮಾಡಿತು. ಆಮೇಲೆ ಹತ್ತಿರ ಹೋಗೋದೇ ಬಿಟ್ಟಿತು. ವರ್ಷ ತುಂಬೋದರೊಳಗೆ ತಮಿಳು ಪೂರಾ ಮರೆತಿತ್ತು.

ಅಮ್ಮ ಅದಾದ ಮೇಲೆ ಹದಿಮೂರು ವರ್ಷ ಬದುಕಿದಳು.

ಮಾರ್ಚ್ 28, ಮಧ್ಯಾಹ್ನ 3

ಹೇಳಿದೆ. ಅಂಗಡಿ ಬಾಗಿಲು ಅರ್ಧ ಎಳೆದು, ಮಗಳನ್ನ ಕೂರಿಸಿ ಹೇಳಿದೆ.

"ನಾನು ತಮಿಳು ಮಾತಾಡ್ತಿದ್ನಾ?"

"ಅದೊಂದೇ ಮಾತಾಡ್ತಿದ್ದೆ."

"ಅಜ್ಜಿ ಹತ್ರ?"

"ಇಬ್ಬರ ಬಾಯಿಗೂ ಬಿಡುವೇ ಇರ್ತಿರಲಿಲ್ಲ."

ಬಹಳ ಹೊತ್ತು ಟೇಪು ಸುತ್ತುತ್ತಾ, ಬಿಚ್ಚುತ್ತಾ ಕೂತಿದ್ದಳು. ಬೈತಾಳೆ ಅಂದುಕೊಂಡೆ. ಬೈದಿದ್ದರೆ ಚೆನ್ನಾಗಿತ್ತು.

"ಪಕ್ಕದ ರೂಮಲ್ಲೇ ಇದ್ದಳಲ್ಲಪ್ಪ," ಅಂದಳು. "ಕೊನೇ ದಿನ ಕೂಡ ನಾನು ಒಳಗೆ ಹೋಗಲಿಲ್ಲ."

ಚೀಲ ಮರೆತು ಹೋದಳು. ಹಿಂದೆಯೇ ಓಡಿದೆ — ಮೊಣಕಾಲು ಕೈ ಕೊಟ್ಟಿತು. ಅಷ್ಟರಲ್ಲಿ ರಸ್ತೆ ತಿರುಗಿಬಿಟ್ಟಿದ್ದಳು.

ಏಪ್ರಿಲ್ 9

ಹನ್ನೆರಡು ದಿನ ಫೋನಿಲ್ಲ. ಇವತ್ತು ಬಂದಳು, ಗಿರಾಕಿ ಥರ ಕೌಂಟರಿನ ಆ ಕಡೆಯೇ ನಿಂತಳು. ಹೊಸ ಪುಟ ಕೊಟ್ಟಳು. ಟೀಚರ್ ಇದ್ದಾರೆ. ಅಂಗಿ ಬಿಚ್ಚದೆ ನಿಂತವನು ಇದ್ದಾನೆ. ನಾನು ಆಡಿದ ಮಾತು ಆಡಿದ ಹಾಗೇ ಇದೆ.

ಅಜ್ಜಿಗೂ ಈಗ ಮಾತಿದೆ. ಆ ಜಾಗದಲ್ಲೆಲ್ಲ 'ತಮಿಳಿನಲ್ಲಿ' ಅಂತ ಬರೆದು ಖಾಲಿ ಬಿಟ್ಟಿದ್ದಾಳೆ.

"ಅಕ್ಕನ್ನ ಕೇಳ್ತೀನಿ, ತುಂಬಿಕೊಡ್ತಾಳೆ."

"ಅತ್ತೆ ಬೇಡ. ನೀನು ತುಂಬು. ಅಜ್ಜಿ ಪಾತ್ರದಾಕೆಗೆ ಹೇಳಿಕೊಡೋನೂ ನೀನೇ."

ಏಪ್ರಿಲ್ 13, ಭಾನುವಾರ

ಪೋಸ್ಟಾಫೀಸಿನಾಕೆಗೆ ಪಾಠ. ಮೊದಲ ಮಾತು ಸುಲಭದ್ದು — "ಸಾಪ್ಟಿಯಾ ಕಣ್ಣು?" ಊಟ ಆಯ್ತಾ ಬಂಗಾರ, ಅಂತ.

ಆಕೆ ಹೇಳಿದಳು. ಪಾರ್ಸಲಿಗೆ ಮುದ್ರೆ ಒತ್ತಿದ ಹಾಗಿತ್ತು.

"ಹಾಗಲ್ಲಮ್ಮ. ಕೇಳೋದಲ್ಲ ಅದು. ತಲೆ ಸವರಿದ ಹಾಗೆ ಬರಬೇಕು."

"ನೀವು ಹೇಳಿ ತೋರಿಸಿ ಸರ್."

ಹೇಳಹೋದೆ. ಅರ್ಧಕ್ಕೇ ಬಿಟ್ಟೆ. ನೀರು ಕುಡಿದು ಬಂದೆ. ಮಗಳು ಲೈಟಿನವನ ಜೊತೆ ಮಾತಾಡ್ತಾ ಬೆನ್ನು ಹಾಕಿ ನಿಂತಿದ್ದಳು. ಇನ್ನೊಂದು ಸಲ ಹೇಳಿದೆ. ಅವಳ ಮಾತು ನಿಂತಿತು. ತಿರುಗಿ ಮಾತ್ರ ನೋಡಲಿಲ್ಲ.

ಏಪ್ರಿಲ್ 15

ಎಷ್ಟೋ ಪದ ನೆನಪಿಗೇ ಬರಲ್ಲ. ಅಕ್ಕನಿಗೆ ಫೋನ್ ಮೇಲೆ ಫೋನ್. "ಒದ್ದು ಓಡಿಸಿದ್ದನ್ನ ಈಗ ಬಾ ಬಾ ಅಂತ ಕರೀತಿದ್ದೀಯ," ಅಂದಳು. ಆದರೂ ಹೇಳಿಕೊಟ್ಟಳು. ಸೀರೆ ಅಂಚು ಮುಗಿಸಿದೆ.

ಏಪ್ರಿಲ್ 26, ಶನಿವಾರ

ಮೊದಲ ಶೋ. ಹಾಲು ಭರ್ತಿ. ನಾನು ರಂಗದ ಪಕ್ಕದ ಪರದೆ ಹಿಂದೆ, ಸೂಜಿದಾರ ಹಿಡಿದು.

ನನ್ನ ಪಾತ್ರದವನು 'ನಿನ್ನ ಮಾತು ಬೇಡಮ್ಮ' ಅಂದ. ಮಗು ಸ್ಕೂಲಿಗೆ ಹೋದ ಮೇಲೆ ಅಜ್ಜಿ ಖಾಲಿ ಕೋಣೆಯಲ್ಲಿ ಕೂತು ಗೋಡೆಗೆ ಹೇಳ್ತಾಳೆ — "ಸಾಪ್ಟಿಯಾ ಕಣ್ಣು?"

ಮೂರನೇ ಸಾಲಿನಿಂದ ದನಿ ಬಂತು, ಗಟ್ಟಿಯಾಗಿ — "ಸಾಪ್ಟೇಮ್ಮಾ." ಆಯ್ತಮ್ಮ, ಅಂತ. ಅಕ್ಕ. ಎಲ್ಲಿದ್ದೀನಿ ಅನ್ನೋದೇ ಮರೆತಿದ್ದಳು. ಪೋಸ್ಟಾಫೀಸಿನಾಕೆ ಒಂದು ಗಳಿಗೆ ಕತ್ತಲೆ ಕಡೆ ನೋಡಿ, ತಲೆಯಾಡಿಸಿ, ಮುಂದುವರಿಸಿದಳು.

ಆಮೇಲಿನದು ನನಗೆ ಕಾಣಿಸಲಿಲ್ಲ.

ಏಪ್ರಿಲ್ 28, ಸೋಮವಾರ

ಮಗಳು ಬಂದಳು. ಇವತ್ತು ಒಳಗೆ ಬಂದು ಸ್ಟೂಲ್ ಎಳೆದುಕೊಂಡು ಕೂತಳು.

"ನಾಟಕದಲ್ಲಿ ಮೊಮ್ಮಗಳು ಅಪ್ಪನ್ನ ಕ್ಷಮಿಸಲ್ಲ. ಗಮನಿಸಿದೆಯಾ?"

"ಗಮನಿಸಿದೆ."

"ನಾನೂ ಇನ್ನೂ ಇಲ್ಲ."

"ಆಗಲಿ ಕಣಮ್ಮ."

ಆಮೇಲೆ ಕೇಳಿದಳು — "ನಾವಿಬ್ಬರೂ ದಿನವಿಡೀ ಏನು ಮಾತಾಡ್ತಿದ್ವಿ? ನಾನೂ ಅಜ್ಜಿಯೂ?"

ಹಗಲೆಲ್ಲ ನಾನು ಅಂಗಡಿಯಲ್ಲಿದ್ದೆ. ಇವಳಮ್ಮ ಕೆಲಸದಲ್ಲಿ, ಅವಳೂ ಈಗಿಲ್ಲ. ಅಕ್ಕ ಊರಿನ ಆ ತುದಿ. ಗೊತ್ತಿದ್ದವರು ಇಬ್ಬರೇ. ಒಬ್ಬಳು ಸತ್ತಳು, ಒಬ್ಬಳು ಮರೆಯೋ ಹಾಗೆ ನಾನು ಮಾಡಿದೆ.

"ಗೊತ್ತಿಲ್ಲಮ್ಮ."

"ಒಂದಾದರೂ?"

ಹುಡುಕಿದೆ. ಒಂದು ಸಂಜೆ ಬೇಗ ಬಂದಿದ್ದೆ. ಮೆಟ್ಟಿಲ ಮೇಲೇ ಕೇಳಿಸಿತು, ಒಳಗೆ ಇಬ್ಬರೂ ಬಿದ್ದು ಬಿದ್ದು ನಗ್ತಿದ್ದಾರೆ. ಮಗು ಏನೋ ಕೇಳ್ತಿದೆ, ಅಮ್ಮ ಏನೋ ಹೇಳ್ತಿದ್ದಾಳೆ, ಮತ್ತೆ ನಗು. ಏನದು ಅಂತ ಕಿವಿಗೊಟ್ಟೆ. ಸರಿಯಾಗಿ ಕೇಳಿಸಲಿಲ್ಲ. ಬಾಗಿಲು ತಳ್ಳಿದೆ, ನನ್ನ ನೋಡಿದ್ದೇ ಇಬ್ಬರೂ ಬಾಯಿಗೆ ಕೈ ಅಡ್ಡ ಹಿಡಿದರು. ಅಷ್ಟನ್ನೇ ಅವಳಿಗೆ ಹೇಳಿದೆ.