ಮಲೋಹತ್ ಓಪಾ ಅವರ ಸ್ವಂತ ದನಿ

ಕ್ಯಾಂಪ್‌ಬೆಲ್
14 ಸೆಪ್ಟೆಂಬರ್ 2025

ಪ್ರೀತಿಯ ಜಲಜಾ,

ನೀನೂ ನಿಮ್ಮ ಯಜಮಾನರೂ ಆರಾಮವಾಗಿದ್ದೀರೆಂದು ನಂಬಿದ್ದೇನೆ. ನಿನ್ನ ಕಾಗದಕ್ಕೆ ಉತ್ತರ ಬರೆಯಲು ಇಷ್ಟು ತಡಮಾಡಿದ್ದಕ್ಕೆ ಬೈದುಕೋ. ಕಾಲೇಜಿನ ಕಾಲದಿಂದ ನೀನು ಮಾಡುತ್ತ ಬಂದದ್ದೇ ಅದು.

ನಮ್ಮ ಪಕ್ಕದ ಅಪಾರ್ಟ್‌ಮೆಂಟಿನಲ್ಲಿ ಮಲೋಹತ್ ಓಪಾ ಅಂತ ಇದ್ದಾರೆ, ಉಜ್ಬೇಕಿಸ್ತಾನದವರು. ಓಪಾ ಎಂದರೆ ಅವರಲ್ಲಿ ಅಕ್ಕ. ಈಗ ಎಂಬತ್ತು ದಾಟಿದೆ. ಸೋವಿಯತ್ ಕಾಲದಲ್ಲಿ ಸಿನಿಮಾ ನಾಯಕಿ. ಅವರ ಉಜ್ಬೇಕ್ ಮಾತು ಮಾತ್ರ ತಾಷ್ಕೆಂಟಿನ ಪ್ರಿಂಟಿನಲ್ಲೇ ಉಳಿಯಿತು. ದೇಶವೆಲ್ಲ ತಿರುಗುವ ಪ್ರಿಂಟಿಗೆ ರಷ್ಯನ್ ಭಾಷೆ ಬೇಕು, ಇವರ ರಷ್ಯನ್ನಿನಲ್ಲಿ ಹಳ್ಳಿ ವಾಸನೆ ಎಂದು ಬೇರೆ ನಟಿಯ ದನಿ ಹಾಕಿಸಿದರಂತೆ. ವಯಸ್ಸಾದ ಮೇಲೆ ಪಾತ್ರ ನಿಂತಿತು. ಆಗ ಸ್ಟುಡಿಯೋದವರು ಕತ್ತಲೆ ಕೋಣೆಯಲ್ಲಿ ಕೂರಿಸಿ ನಮ್ಮ ಹಿಂದಿ ನಾಯಕಿಯರಿಗೆ ಉಜ್ಬೇಕ್ ದನಿ ಕೊಡಿಸಿದರು. ಮೊದಲು ಬರೀ ಮುಖ, ಆಮೇಲೆ ಬರೀ ದನಿ. ಅವರ ಹರಕು ಹಿಂದಿ ಅಲ್ಲಿಂದ ಬಂದದ್ದು. ನಮ್ಮಿಬ್ಬರ ಸ್ನೇಹಕ್ಕೆ ಅಷ್ಟು ಸಾಕಾಯಿತು.

ಹೋದ ತಿಂಗಳು ಅವರ ಮಗಳಿಗೆ ಇಂಟರ್ನೆಟ್ಟಿನಲ್ಲಿ ಓಪಾ ನಟಿಸಿದ ಹಳೆಯ ಚಿತ್ರವೊಂದು ಸಿಕ್ಕಿತು. ಉಳಿದಿರುವುದು ರಷ್ಯನ್ ಪ್ರಿಂಟು ಮಾತ್ರ. "ಎಷ್ಟು ಸಿಹಿ ವಾಯ್ಸು ಆಂಟಿ ನಿಮ್ದು!" ಎಂದ ನನ್ನ ಮಗ ಆಕಿಬ್. ಓಪಾ ರಿಮೋಟು ಕಸಿದುಕೊಂಡು ಸದ್ದು ಪೂರ್ತಿ ಅಡಗಿಸಿದರು. ಆಮೇಲೆ ತಮ್ಮ ಭಾಷೆಯಲ್ಲಿ ತಾವೇ ಮಾತಾಡತೊಡಗಿದರು. ತೆರೆಯ ಮೇಲಿನ ಇಪ್ಪತ್ತರ ಹುಡುಗಿಯ ತುಟಿಗೂ ಈ ಮುದುಕಿಯ ಮಾತಿಗೂ ಕೂದಲೆಳೆಯಷ್ಟು ವ್ಯತ್ಯಾಸವಿರಲಿಲ್ಲ. ಅವರ ಮಗಳು ಅತ್ತಳು. ನನಗೆ ಏನೂ ಅನ್ನಿಸಲಿಲ್ಲ ಕಣೇ.

ಓಪಾಗೆ ಮರೆವು ಶುರುವಾಗಿದೆ. ಪೂರ್ತಿ ಅಳಿಸಿಹೋಗುವ ಮೊದಲು ಆ ಚಿತ್ರಕ್ಕೆ ತಮ್ಮ ದನಿ ಸೇರಬೇಕೆಂದು ಹಟ ಹಿಡಿದರು. ಆಕಿಬ್ ಇಲ್ಲೇ ಪಕ್ಕದೂರು ಲಾಸ್ ಗ್ಯಾಟೋಸ್‌ನಲ್ಲಿ ಸೌಂಡ್ ಕೆಲಸ ಮಾಡುವವನಲ್ಲವೇ, ಮೈಕು ತಂದು ನಮ್ಮ ಹಾಲಿನಲ್ಲೇ ಶನಿವಾರವೆಲ್ಲ ರೆಕಾರ್ಡು ಮಾಡಿದ. ಎಲ್ಲ ಸರಿಯಾಗಿ ಸಾಗಿತು. ರೈಲು ನಿಲ್ದಾಣದಲ್ಲಿ ಗಂಡನನ್ನು ಬೀಳ್ಕೊಡುವ ದೃಶ್ಯಕ್ಕೆ ಬಂದಾಗ ಓಪಾ ನಿಂತುಬಿಟ್ಟರು. ತುಟಿ ಆಡುತ್ತಿದೆ, ಮಾತು ನೆನಪಿಲ್ಲ. ಮತ್ತೆ ಮತ್ತೆ ಹಾಕಿಸಿ ನೋಡಿದರು. "ನಾನು ಏನು ಹೇಳ್ತಿದೀನಿ?" ಎಂದು ನನ್ನನ್ನೇ ಕೇಳಿದರು.

ರಷ್ಯನ್ನಿನಲ್ಲಿ ಇರುವುದನ್ನೇ ಉಜ್ಬೇಕಿಗೆ ತಿರುಗಿಸಿ ಹೇಳು ಎಂದಳು ಮಗಳು. "ಅದು ಅವಳ ಮಾತು. ನನ್ನದು ಸಿಗದಿದ್ದರೆ ಖಾಲಿ ಬಿಡು" ಎಂದರು ಓಪಾ. ಆಕಿಬ್ ಖಾಲಿ ಬಿಟ್ಟ.

ಅವರು ಹೋದ ಮೇಲೆ ಅವನು ವೈರು ಸುತ್ತಲಿಲ್ಲ. "ಅಮ್ಮೀ, ಮೈಕ್ ಇನ್ನೂ ಆನ್ ಇದೆ. ನೀವೂ ಏನಾದ್ರೂ ಹೇಳಿ" ಎಂದ. ಒಲೆಯ ಮೇಲೆ ಸಾರಿದೆ ಎಂದು ಎದ್ದು ಹೋದೆ. ಸಾರು ಆಗಲೇ ಇಳಿಸಿಯಾಗಿತ್ತು.

ನಿನ್ನ ಮೊಮ್ಮಗಳಿಗೆ ನನ್ನ ದುವಾ ಹೇಳು. ಎಲ್ಲರೂ ನೂರ್ಕಾಲ ಚೆನ್ನಾಗಿರಿ.

ನಿನ್ನ
ಫಖರುನ್ನಿಸಾ

ತಾ.ಕ.: ನನ್ನ ಗಂಟಲಿನಲ್ಲಿರುವುದು ಕ್ಯಾನ್ಸರ್ ಎಂದು ಜುಲೈನಲ್ಲೇ ತಿಳಿಯಿತು. ಮುಂದಿನ ಸೋಮವಾರ ಧ್ವನಿಪೆಟ್ಟಿಗೆ ತೆಗೆಯುತ್ತಾರೆ. ಈ ಕಾಗದ ನಿನ್ನ ಕೈಸೇರುವಾಗ ತೆಗೆದಾಗಿರುತ್ತದೆ. ಮೊದಲೇ ಫೋನಿನಲ್ಲಿ ಹೇಳಿದ್ದರೆ ನೀನು ಅತ್ತುಬಿಡುತ್ತಿದ್ದೆ, ನನಗೆ ಅಳಲು ಆಗುತ್ತಿಲ್ಲ. ನೀನೇ ಫೋನ್ ಮಾಡು, ಆಕಿಬ್ ಎತ್ತುತ್ತಾನೆ. ನಾನು ಪಕ್ಕದಲ್ಲೇ ಕೂತಿರುತ್ತೇನೆ. ನನ್ನನ್ನು ಏನೂ ಕೇಳಬೇಡ. ಬೈಯುತ್ತಿರು ಸಾಕು.