ಗಾಳಿ ಕೇಳಿ ಕೊಂಡ ಮನೆ

ರಾಮತೀರ್ಥ ನಗರ, ಬೆಳಗಾವಿ
೭ ಡಿಸೆಂಬರ್ ೨೦೨೫, ಭಾನುವಾರ

ನನ್ನ ಮುದ್ದಿನ ರಸಿಕಾ,

ಮೇಲಿನ ಊರಿನ ಹೆಸರು ನೋಡಿದ ಕೂಡಲೇ ನಿನಗೆ ಸಿಟ್ಟು ಬಂದಿರುತ್ತದೆ. ದೀಪಾವಳಿಯೊಳಗೆ ನಾನೂ ನಿನ್ನ ಬಾಬಾನೂ ಖಾನಾಪುರದ ಮನೆಗೆ ಹೋಗಿ ನೆಲೆಯಾಗಬೇಕೆಂದು ನೀನು ಆಣೆ ಮಾಡಿಸಿಕೊಂಡು ಹೋಗಿದ್ದೆ. ಬಾಬಾ ಹೋಗಿದ್ದಾರೆ. ನಾನು ಹೋಗಿಲ್ಲ. ಇಷ್ಟು ದಿನ ಫೋನಿನಲ್ಲಿ ಎಲ್ಲ ಆರಾಮ ಎಂದು ಹೇಳುತ್ತ ಬಂದೆ, ಎಲ್ಲಿಂದ ಮಾತಾಡುತ್ತಿದ್ದೇನೆ ಎಂದು ನೀನು ಕೇಳಲಿಲ್ಲ, ನಾನೂ ಹೇಳಲಿಲ್ಲ. ಇಂಥ ವಿಷಯ ಫೋನಿನಲ್ಲಿ ಆಡಬಾರದೆಂದು ನೀನೇ ಹೇಳಿದ್ದಕ್ಕೆ ಈ ಕಾಗದ. ನಮ್ಮ ಗುಲಶನಳ ಗಂಡ ಅಯಾಜ ಲಾರಿಯಲ್ಲಿ ಹೈದರಾಬಾದಿಗೆ ಮಾಲು ಒಯ್ಯುತ್ತಿದ್ದಾನೆ, ಅವನ ಕೈಯಲ್ಲೇ ಕೊಡುತ್ತೇನೆ. ಹೊಟ್ಟೆ ತುಂಬ ಊಟ ಹಾಕಿ ಕಳಿಸು.

ಗಣಪತಿ ಹಬ್ಬಕ್ಕೆ ಬಂದಾಗಲೇ ನಿನ್ನ ಮುಖ ಸರಿ ಇರಲಿಲ್ಲ. ನಿನ್ನ ಬಾಬಾನಿಗೆ ಅದು ಕಾಣಲಿಲ್ಲ. ಬೇಸಿಗೆಯಲ್ಲಿ ಯುದ್ಧದ ಸುದ್ದಿ ಶುರುವಾದಾಗಿನಿಂದ ಅವರು ಟಿವಿ ಮುಂದಿನಿಂದ ಏಳುವುದೇ ಇಲ್ಲ. ಟೆಲಿಫೋನ್ ಕಚೇರಿಯಿಂದ ನಿವೃತ್ತರಾದ ತ್ರ್ಯಂಬಕರಾಯರು ಈಗ ಕುರ್ಚಿಯಲ್ಲಿ ಕೂತೇ ಸೇನೆ ನಡೆಸುತ್ತಾರೆ. ವೈರಿಯ ಕ್ಷಿಪಣಿಯನ್ನು ಆಕಾಶದಲ್ಲೇ ಹೊಡೆದು ಹಾಕುವ ಕ್ಷಿಪಣಿ ನನ್ನ ಮಗಳು ಮಾಡುತ್ತಾಳೆ, ಇನ್ನು ನಮಗೇನು ಭಯ ಎಂದು ಓಣಿಯ ತುಂಬ ಹೇಳಿಕೊಂಡು ಬಂದು, ಕೊನೆಗೆ ನಿನ್ನನ್ನೂ ಅದನ್ನೇ ಕೇಳಿದರು. ನೀನು ಚುರಮುರಿಯ ಬುಟ್ಟಿ ತಂದೆ. ಒಂದೇ ಒಂದು ಶೇಂಗಾ ಕಾಳು ಅದರಲ್ಲಿ ಬೆರೆಸಿ, ಬೊಗಸೆ ತುಂಬ ಎತ್ತಿ ಅವರ ಕಡೆ ತೂರಿ, ಶೇಂಗಾ ಮಾತ್ರ ಹಿಡಿಯಿರಿ ಎಂದೆ. ಅವರು ತಾಟು ಹಿಡಿದು ಕುಣಿದದ್ದೇ ಬಂತು. ನಾನು ನಗುತ್ತ ನಿನ್ನ ಕಡೆ ನೋಡಿದರೆ ನೀನು ನಗುತ್ತಿರಲಿಲ್ಲ.

ಕಣದಲ್ಲಿ ತೂರಿದರೆ ಗಾಳಿ ಹೊಟ್ಟನ್ನು ಒಯ್ಯುತ್ತದೆ, ಕಾಳು ಕಾಲ ಬಳಿ ಬೀಳುತ್ತದೆ, ಆದರೆ ಕ್ಷಿಪಣಿ ಹಾರುವ ಅಷ್ಟು ಎತ್ತರದಲ್ಲಿ ಗಾಳಿಯೇ ಇಲ್ಲ ಎಂದು ನೀನು ಬಿಡಿಸಿ ಹೇಳಿದೆ. ಬಾಂಬಿನ ಜೊತೆ ಮೋಸಕ್ಕೆಂದು ಬಿಟ್ಟ ಪೊಳ್ಳು ಬಲೂನುಗಳು ಬಾಂಬಿನಷ್ಟೇ ವೇಗದಲ್ಲಿ ಅದರ ಬಾಜೂಕೇ ಬರುತ್ತವಂತೆ. ಇನ್ನು ಮುಂದೆ ಬರುವಂಥವು ನೆಟ್ಟಗೂ ಬರುವುದಿಲ್ಲವಂತೆ, ನಡುದಾರಿಯಲ್ಲಿ ಹೊರಳುತ್ತವಂತೆ. ಬಾಬಾ ಸೋಲು ಒಪ್ಪುವ ಪೈಕಿ ಅಲ್ಲ. ಇಬ್ಬರ ಹತ್ತಿರವೂ ಅಣುಬಾಂಬು ಇದ್ದ ಮೇಲೆ ಯಾರೂ ಮೊದಲು ಕೈ ಎತ್ತುವುದಿಲ್ಲ, ಇಷ್ಟು ವರ್ಷ ಹಾಗೇ ಪಾರಾಗಿದ್ದೇವಲ್ಲ ಎಂದರು. ಆಗ ನೀನು ಗುರಾಣಿಯ ಬಗ್ಗೆ ಆಡಿದ ಮಾತು ನನಗೆ ಬಾಯಿಪಾಠವಾಗಿದೆ.

"ಬಾಬಾ, ಇಷ್ಟು ವರ್ಷ ನಡದದ್ದು ಹೆದರಿಕಿ ಮ್ಯಾಲೆ. ಈಗ ನಾವೂ ಅವರೂ ಢಾಲು ಕಟ್ಟಾಕತ್ತೇವಿ. ಢಾಲು ಇದ್ದಾಂವಗ ಧೈರ್ಯ ಬರತೈತಿ, ಇಲ್ಲದಾಂವ ಗಡಿಬಿಡಿ ಮಾಡತಾನ. ಎರಡೂ ಛಲೋ ಅಲ್ಲ."

ಬಾಬಾ ಚುರಮುರಿ ಆರಿಸಿ ತಿನ್ನುತ್ತ ಟಿವಿಯ ಕಡೆ ತಿರುಗಿದರು. ಬೆದರಿಕೆ ನಡೆಯುವುದು ಎದುರಿನವನು ನಂಬಿದರೆ ಮಾತ್ರ, ಹಿಂದೆ ಸರಿಯಲು ದಾರಿ ಇಟ್ಟುಕೊಂಡವನನ್ನು ಯಾರೂ ನಂಬುವುದಿಲ್ಲ ಎಂದು ನೀನು ಇನ್ನೂ ಏನೇನೋ ಹೇಳುತ್ತಿದ್ದೆ. ಅವರು ಕೇಳಲಿಲ್ಲ. ನಾನು ಕೇಳಿಸಿಕೊಂಡೆ.

ಮರುದಿನವೇ ಖಾನಾಪುರದಲ್ಲಿ ಮನೆ ನೋಡಲು ನೀನು ನಮ್ಮನ್ನು ಹೊರಡಿಸಿದೆ. ಬಾಬಾನ ದಮ್ಮಿಗೆ ಅಲ್ಲಿಯ ಹವೆ ಒಳ್ಳೆಯದು ಎಂಬುದು ನೆಪ. ಲೋಂಡಾ ರಸ್ತೆಯಲ್ಲಿ ಬಾಳಾಸಾಹೇಬರ ಹಳೆಯ ಮನೆ ಮಾರಾಟಕ್ಕಿತ್ತು. ಮನೆ ಕೊಳ್ಳುವವರು ನೀರು, ಲೈಟು, ಕಾಗದಪತ್ರ ಕೇಳುತ್ತಾರೆ. ನೀನು ಗಾಳಿ ಕೇಳಿದೆ. ಮಳೆಗಾಲದಲ್ಲಿ ಯಾವ ದಿಕ್ಕಿನಿಂದ ಬೀಸುತ್ತದೆ, ಚಳಿಗಾಲದಲ್ಲಿ ಯಾವ ದಿಕ್ಕಿನಿಂದ ಎಂದು. ಆಮೇಲೆ ಗೇಣು ಹಾಕಿ ಜಂಬಿಟ್ಟಿಗೆ ಗೋಡೆಯ ದಪ್ಪ ಅಳೆದೆ. ಬಾವಿಗೆ ಮುಚ್ಚಳ ಹಾಕಿಸಬಹುದೇ ಎಂದು ಕೇಳಿದೆ. ನಡುವಿನ ಖೋಲಿಗೆ ಕಿಟಕಿಯೇ ಇಲ್ಲವೆಂದು ಬಾಳಾಸಾಹೇಬರು ನಾಚಿಕೊಂಡು ಹೇಳಿದರೆ ನೀನು ಖುಷಿಪಟ್ಟೆ. ಪಾಪ, ಅವರು ಇದೆಲ್ಲ ವಾಸ್ತು ಎಂದುಕೊಂಡರು. ಈಶಾನ್ಯಕ್ಕೆ ಬಾವಿ ಇದೆ, ಏಕದಂ ಬರೋಬ್ಬರಿ ಎಂದು ಹೊಗಳಿಕೊಂಡು, ನಮಗೆ ಪೂರ್ತಿ ನಂಬಿಕೆ ಬರಲಿ ಎಂದು ಓಣಿಯ ಭಟ್ಟರನ್ನೂ ಕರೆಸಿದರು. ಭಟ್ಟರು ಕತ್ತಲೆ ಖೋಲಿಗೆ ಕಿಟಕಿ ಕೊರೆಸಲೇಬೇಕು, ಇಲ್ಲವಾದರೆ ಮನೆಗೆ ಶ್ರೇಯಸ್ಸಲ್ಲ ಎಂದರು. ನೀನು ಆ ವಯಸ್ಸಾದ ಮನುಷ್ಯನ ಜೊತೆ ಜಗಳಕ್ಕೇ ನಿಂತೆ, ಕಿಟಕಿ ಮಾತ್ರ ಕೂಡದು ಎಂದು.

ಆಗ ನನಗೆ ತಿಳಿಯಿತು. ಎಂಟನೆಯ ಇಯತ್ತೆಗೆ ವಿಜ್ಞಾನ ಕಲಿಸುತ್ತ ತಲೆಗೂದಲು ಬೆಳ್ಳಗಾದವಳಿಗೆ ಬಾಂಬಿನ ಬೂದಿ ಗಾಳಿಯ ಜೊತೆ ಹೋಗುತ್ತದೆ ಎಂಬಷ್ಟು ಗೊತ್ತಿರುವುದಿಲ್ಲವೇ? ಬಾಬಾ ಮತ್ತು ಬಾಳಾಸಾಹೇಬರು ಚಹಾ ಕುಡಿಯುತ್ತಿದ್ದಾಗ ನಿಮ್ಮ ಕ್ಷಿಪಣಿ ಬೆಳಗಾವಿಯನ್ನು ಕಾಯುವುದಿಲ್ಲವೇ ಎಂದು ಬಾವಿಕಟ್ಟೆಯ ಹತ್ತಿರ ನಿನ್ನನ್ನು ನೇರವಾಗಿ ಕೇಳಿದೆ. ನೀನು ಬಾವಿಯೊಳಗೆ ನೋಡುತ್ತ ನಿಂತಿದ್ದೆ.

"ಆಯಿ, ಎಲ್ಲಾ ಊರಿಗೂ ಛತ್ರಿ ಹಿಡಿಯಾಕ ಆಗೂದಿಲ್ಲ. ಇದರ ಮ್ಯಾಲೆ ಏನೂ ಕೇಳಬ್ಯಾಡ."

ಎರಡು ರಾಜ್ಯಗಳು ಎಪ್ಪತ್ತು ವರ್ಷದಿಂದ ನಮ್ಮದು ನಮ್ಮದು ಎಂದು ಜಗ್ಗಾಡುವ ಊರು ಈ ಬೆಳಗಾವಿ. ಛತ್ರಿ ಹಿಡಿಯುವ ಹೊತ್ತಿಗೆ ಯಾರದೂ ಅಲ್ಲ ಎಂದರೆ ನಗಬೇಕೋ ಅಳಬೇಕೋ ತಿಳಿಯಲಿಲ್ಲ. ಕ್ಯಾಂಪಿನಲ್ಲಿ ದಂಡು, ಸಾಂಬ್ರಾದಲ್ಲಿ ವಾಯುಸೇನೆಯ ವಿಮಾನ, ಹೊಡೆಯುವವರಿಗೆ ನಾವು ಕಾಣದೆ ಇರುವುದಿಲ್ಲ. ಚಳಿಗಾಲದಲ್ಲಿ ಗಾಳಿ ತಿರುಗಿ ಈಶಾನ್ಯದಿಂದ ಬೀಸುತ್ತದೆ, ಆಗ ಬೆಳಗಾವಿಯ ಬೂದಿ ಇದೇ ಖಾನಾಪುರದ ಕಡೆಗೆ ಬರುತ್ತದಲ್ಲ ಎಂದು ನಾನು ಅಂದರೆ, "ಅರ್ಧಾ ವರ್ಷರ ಉಳೀತೀರಿ ಅಲ್ಲ" ಎಂದು ನೀನು ಅಂದೆ. ಮನೆ ಕೊಳ್ಳುವಾಗ ಯಾವ ಮಗಳೂ ತಾಯಿಗೆ ಹೀಗೆ ಹೇಳಿರಲಿಕ್ಕಿಲ್ಲ.

ಗುಲಶನಳಿಗಾದರೂ ಹೇಳಲೇ ಎಂದು ಕೇಳಿದೆ. ನನ್ನ ಸಾಲೆಯಲ್ಲಿ ಏಳು ವರ್ಷ ನಿನ್ನ ಜೊತೆ ಒಂದೇ ಬೆಂಚಿನಲ್ಲಿ ಕೂತ ಹುಡುಗಿ. ಶಹಾಪುರದಲ್ಲಿ ಅವಳ ಅಪ್ಪ ಮೀರಾಸಾಬರ ಮಗ್ಗದ ಸದ್ದಿನಲ್ಲೇ ನೀವಿಬ್ಬರೂ ಓದಿ ಪಾಸಾದವರು. ಯಾರಿಗೂ ಹೇಳಬೇಡ, ನಿಮಗೆ ಹೇಳಿದ್ದೇ ತಪ್ಪು ಎಂದು ನೀನು ಅಂದೆ. ನಿನ್ನ ಕೆಲಸಕ್ಕೆ ಕುತ್ತು ಬರುತ್ತದೆ ಎಂದು ನಾನು ಬಾಯಿ ಮುಚ್ಚಿಕೊಂಡೆ. ಅಲ್ಲಿಯವರೆಗೂ ನಾನು ನಿನ್ನ ಮಾತು ಕೇಳುವವಳೇ ಇದ್ದೆ.

ಕೆಡಿಸಿದ್ದು ವಾಪಸು ಬರುವಾಗ ಬಸ್ಸಿನಲ್ಲಿ ನೀನಾಡಿದ ಮಾತು. ಹೈದರಾಬಾದಿನ ನಿನ್ನ ಕ್ವಾರ್ಟರ್ಸಿಗೆ ಇಂಥ ಗಟ್ಟಿ ಗೋಡೆ ಇದೆಯೇ ಎಂದು ಸುಮ್ಮನೆ ಕೇಳಿದ್ದೆ. ನೀನು ನನ್ನ ಹೆಗಲಿಗೆ ತಲೆ ಇಟ್ಟು, ಸಮಾಧಾನ ಮಾಡುವವಳ ಹಾಗೆ ಹೇಳಿದೆ.

"ನನಗ ಗ್ವಾಡಿ ಯಾಕ ಆಯಿ? ನಮ್ಮಂಥಾ ಜಾಗಾ ಮೊದಲ ಹೋಗತಾವ. ನನಗ ಗೊತ್ತಾಗೂದರೊಳಗ ಮುಗದಿರತೈತಿ."

ನಮಗಾಗಿ ಗಾಳಿ ಕೇಳಿದೆ, ಗೋಡೆ ಅಳೆದೆ, ಅಟ್ಟದ ತುಂಬ ಅಕ್ಕಿ ಬೇಳೆ ತುಂಬಿಸಿದೆ. ಆ ಲೆಕ್ಕದಲ್ಲಿ ನೀನೇ ಇರಲಿಲ್ಲ. ನಾವಿಬ್ಬರು ಮುದುಕರು ಆ ಕತ್ತಲೆಯಲ್ಲಿ ಕೂತು ಬದುಕಿ ಯಾರ ಮುಖ ನೋಡಬೇಕಿತ್ತು? ಆ ಮಾತಿಗೆ ನಾನು ನಿನ್ನನ್ನು ಇನ್ನೂ ಕ್ಷಮಿಸಿಲ್ಲ.

ಈಗ ನನ್ನ ಮಾತು ಕೇಳು. ನೀನು ಆ ಕೆಲಸ ಬಿಟ್ಟು ಖಾನಾಪುರದ ಮನೆಗೆ ಬರುವವರೆಗೆ ನಾನು ಈ ರಾಮತೀರ್ಥ ನಗರದಿಂದ ಕದಲುವುದಿಲ್ಲ. ಇದು ಸಿಟ್ಟಿನ ಮಾತಲ್ಲ, ಬೆದರಿಕೆ. ನೀನೇ ಕಲಿಸಿದ್ದು. ನೀನು ಬಿಟ್ಟರೆ ಆ ಕುರ್ಚಿಯಲ್ಲಿ ಇನ್ನೊಬ್ಬರು ಕೂರುತ್ತಾರೆ, ಏನೂ ಬದಲಾಗುವುದಿಲ್ಲ ಎಂದು ನೀನು ಬರೆಯಬಹುದು. ಕೂರಲಿ. ಅವರ ತಾಯಿ ಅವರನ್ನು ನೋಡಿಕೊಳ್ಳಲಿ. ಇಷ್ಟು ಸ್ವಾರ್ಥದ ಮಾತು ನಾನು ನನ್ನ ಜೀವಮಾನದಲ್ಲಿ ಆಡಿಲ್ಲ, ಆಡಿದ್ದಕ್ಕೆ ನಾಚಿಕೆಯೂ ಇದೆ, ಆದರೂ ಹಿಂದಕ್ಕೆ ತೆಗೆದುಕೊಳ್ಳುವುದಿಲ್ಲ. ನೀನು ಬಂದ ದಿನ ನಾನೂ ಗಂಟು ಕಟ್ಟಿಕೊಂಡು ಖಾನಾಪುರದ ಬಸ್ಸು ಹತ್ತುತ್ತೇನೆ.

ಇಲ್ಲಿ ನನಗೇನೂ ಕಡಿಮೆ ಇಲ್ಲ. ಬೆಳಿಗ್ಗೆ ನಾಲ್ಕು ಮಕ್ಕಳು ಪಾಠಕ್ಕೆ ಬರುತ್ತಾರೆ. ಸಾಂಬ್ರಾದ ಕಡೆಯಿಂದ ವಿಮಾನದ ಸದ್ದು ಬಂದರೆ ಹಿಟ್ಟು ನಾದುವ ಕೈ ನಿಲ್ಲುತ್ತದೆ, ಸದ್ದು ಹೋದ ಮೇಲೆ ಮತ್ತೆ ನಾದುತ್ತೇನೆ. ದೀಪಾವಳಿಯ ಪಟಾಕಿಗೆ ಮಾತ್ರ ಬಹಳ ಹೆದರಿಕೆಯಾಯಿತು, ನಾನೊಬ್ಬಳೇ ಇದ್ದೆ. ಗಾಳಿ ತಿರುಗಿದೆ ರಸಿಕಾ. ಅಂಗಳದಲ್ಲಿ ಒಣಹಾಕಿದ ಬಟ್ಟೆಗಳೆಲ್ಲ ಈಗ ಖಾನಾಪುರದ ಕಡೆಗೇ ಹಾರುತ್ತವೆ.

ಬರುವೆಯಾ, ಇಲ್ಲವಾ, ಅಯಾಜನ ಹತ್ತಿರ ಎರಡು ಸಾಲು ಬರೆದು ಕಳಿಸು.

ಬಾಗಿಲು ತೆರೆದಿಟ್ಟು ಕೂತಿರುವ ನಿನ್ನ ಆಯಿ,
ಕುಂದಾ

ತಾ.ಕ.: ಗುಲಶನಳಿಗೆ ನಾನು ಏನೂ ಹೇಳಲಿಲ್ಲ. ಬಾಬಾನಿಗೆ ಅಡುಗೆ ಮಾಡಿ ಹಾಕಲು ಖಾನಾಪುರಕ್ಕೆ ಬಂದಿರುತ್ತೀಯಾ ಎಂದಷ್ಟೇ ಕೇಳಿದೆ. ಇಬ್ಬರು ಮಕ್ಕಳನ್ನೂ ಮೀರಾಸಾಬರನ್ನೂ ಕರೆದುಕೊಂಡು ಬಂದಳು. ಅಯಾಜ ಹೇಗೂ ತಿಂಗಳೆಲ್ಲ ರಸ್ತೆಯ ಮೇಲೆ. ಮುಚ್ಚಿದ ಬಾವಿ, ಅಟ್ಟದ ಮೇಲಿನ ಅಕ್ಕಿ, ಕಿಟಕಿಯಿಲ್ಲದ ಖೋಲಿ, ಎಲ್ಲವನ್ನೂ ಒಂದೊಂದಾಗಿ ನೋಡಿದಳು. ಆಮೇಲೆ, "ರಸಿಕಾ ನನಗೊಂದ ಮಾತ ಹೇಳಬಹುದಿತ್ರಿ ಅಕ್ಕೋರ" ಎಂದಳು. ಮನೆಯ ಕೀಲಿಕೈ ಅವಳಿಗೇ ಕೊಟ್ಟು ಬಂದಿದ್ದೇನೆ. ನಾನು ಬಸ್ಸು ಹತ್ತುತ್ತೇನೆ ಎಂದು ಮೇಲೆ ಬರೆದದ್ದು ನಿನ್ನನ್ನು ಹೇಗಾದರೂ ಅಲ್ಲಿಗೆ ತರುವುದಕ್ಕೆ ಹೇಳಿದ ಸುಳ್ಳು. ಆ ಖೋಲಿಯಲ್ಲಿ ಈಗ ಐದು ಹಾಸಿಗೆ. ನಾನೇ ಅಳತೆ ಹಿಡಿದು ನೋಡಿದ್ದೇನೆ, ಇನ್ನೊಂದು ಹಿಡಿಯುತ್ತದೆ, ಎರಡು ಹಿಡಿಯುವುದಿಲ್ಲ. ಅದು ನಿನ್ನದು.